ಹದಿನಾಲ್ಕು ಸೆಕೆಂಡಿನ ಬಾಯಾರಿಕೆ

ನನ್ನ ದನಿ ನನಗೇ ಮೊದಲು ಕೇಳಿಸಿದ್ದು ಬೆಳಗಿನ ಲೋಕಲ್ಲಿನಲ್ಲಿ, ಡೊಂಬಿವಲಿ ದಾಟಿದ ಮೇಲೆ. ಕಲ್ಯಾಣದಲ್ಲಿ ಹತ್ತಿದರೂ ನನಗೆ ಸೀಟು ಸಿಕ್ಕಿರಲಿಲ್ಲ. ಹೆಂಗಸರ ಡಬ್ಬಿಯಲ್ಲಿ ಕಂಬಿ ಹಿಡಿದು ನಿಂತಿದ್ದೆ. ಎದುರಿನ ಸೀಟಿನ ತುದಿಯಲ್ಲಿ ಬಿಸ್ಕಿಟ್ ಬಣ್ಣದ ಹಿಜಾಬು ಕಟ್ಟಿದ ಹುಡುಗಿ ಫೋನು ನೋಡುತ್ತಿದ್ದಳು. ಅದರೊಳಗಿಂದ ಯಾರೋ ಹಾಡುತ್ತಿದ್ದರು.

ಮರಳಾಗ ಮಲಗ್ಯಾನ ಮುತ್ತಿನಂಥಾ ಕೂಸ,
ತೊಟ್ಟ ನೀರ ಕೇಳ್ಯಾನ, ತುಟಿ ಒಣಗ್ಯಾವ...

‘ಒಣಗ್ಯಾವ’ ಅನ್ನುವಲ್ಲಿಗೆ ಹಾಡು ಕಡಿದು, ಮತ್ತೆ ‘ಮರಳಾಗ’ ಅಂತ ಶುರುವಾಗುತ್ತಿತ್ತು. ಮೊದಲು ಅವ್ವ ನೆನಪಾದಳು. ಹಾಡು ಅವಳದು, ಅವಳು ತೀರಿಹೋಗಿ ಹನ್ನೊಂದು ವರ್ಷ. ಆಮೇಲೆ ಹಾಡಿನ ಹಿಂದೆ ಕುಕ್ಕರಿನ ಸೀಟಿ ಕೇಳಿಸಿತು. ಅವ್ವನ ಮನೆಯಲ್ಲಿ ಕುಕ್ಕರ್ ಇರಲಿಲ್ಲ. ಆಗ ತಿಳಿಯಿತು, ಇದು ನಾನೇ.

ಬಗ್ಗಿ ನೋಡಿದೆ. ಫೋನಿನಲ್ಲಿ ಗುರುತಿಲ್ಲದ ಒಬ್ಬ ಹೆಂಗಸು ನಗುತ್ತ ತಲೆಗೆ ಬಟ್ಟೆ ಸುತ್ತಿ ಪಿನ್ನು ಚುಚ್ಚಿಕೊಂಡಳು. ‘ತುಟಿ ಒಣಗ್ಯಾವ’ ಅಂದ ಕೂಡಲೇ ಗರ್ರನೆ ತಿರುಗಿ ನಿಂತಳು. ಹುಡುಗಿ ಬೆರಳಿನಿಂದ ಮೇಲಕ್ಕೆ ತಳ್ಳಿದಳು. ಇನ್ನೊಬ್ಬ ಹೆಂಗಸು, ಇನ್ನೊಂದು ಬಣ್ಣದ ಬಟ್ಟೆ, ಅದೇ ಹಾಡು.

"ಬೈಠನಾ ಹೈ ಕ್ಯಾ, ಆಂಟಿ? ಮೈ ಠಾಣಾ ಉತರೂಂಗಿ," ಅಂದಳು ಹುಡುಗಿ, ನಾನು ಬಗ್ಗಿದ್ದು ಸೀಟಿಗೆ ಅಂದುಕೊಂಡು.

ನಾನೂ ಠಾಣೆಯಲ್ಲೇ ಇಳಿಯುವವಳು ಅಂದೆ. ಇದು ಯಾವ ಹಾಡು ಅಂತ ಕೇಳಿದೆ.

"ಸೌತ್ ಕೀ ಕೋಈ ಲೋರೀ ಹೈ. ಬಹುತ್ ಚಲ್ ರಹೀ ಹೈ." ಜೋಗುಳ ಅಂದುಕೊಂಡಿದ್ದಳು. ಆಮೇಲೆ ನನ್ನ ಸೀರೆ, ತಲೆಯ ಮೇಲಿನ ಸೆರಗು, ಕೊರಳಿನ ಕರಿಮಣಿ ಎಲ್ಲ ನೋಡಿದಳು. "ಆಪ್ ಹಿಂದೂ ಲೋಗೋಂ ಮೇಂ ಭೀ ಗಾತೇ ಹೈಂ ಕ್ಯಾ ಯೇ?"

ಹೂಂ ಅನ್ನಬೇಕೋ ಊಹೂಂ ಅನ್ನಬೇಕೋ ತಿಳಿಯದೆ ತಲೆ ಅಲ್ಲಾಡಿಸಿದೆ. ಅಷ್ಟರಲ್ಲಿ ಠಾಣೆ ಬಂತು, ಜನ ನನ್ನನ್ನು ಹೊರಗೆ ತಳ್ಳಿದರು.

ನನ್ನನ್ನು ಹಿಂದೂ ಅಂದುಕೊಂಡದ್ದು ಅವಳ ತಪ್ಪಲ್ಲ. ನಾವು ನದಾಫರು, ಹತ್ತಿ ಹಿಂಜುವ ಮುಸಲ್ಮಾನರು, ಇಂಡಿ ತಾಲೂಕಿನವರು. ನಮ್ಮ ಮನೆಮಾತು ಕನ್ನಡ. ನಮ್ಮ ಹೆಂಗಸರು ಸೀರೆ ಉಟ್ಟು ತಲೆ ತುಂಬ ಸೆರಗು ಹೊದೆಯುತ್ತಾರೆ. ನಿಕಾಹ್ ದಿನ ಕಟ್ಟಿದ ಕರಿಮಣಿ ತೆಗೆಯುವುದಿಲ್ಲ, ಕಾಲುಂಗುರ ತೆಗೆಯುವುದಿಲ್ಲ. ಊರಿನಲ್ಲಿ ಇದನ್ನೆಲ್ಲ ಯಾರೂ ಕೇಳುತ್ತಿರಲಿಲ್ಲ. ಕಲ್ಯಾಣಕ್ಕೆ ಬಂದು ಇಪ್ಪತ್ತೊಂದು ವರ್ಷವಾಯಿತು, ಇಲ್ಲಿ ಎಲ್ಲರೂ ಕೇಳುತ್ತಾರೆ.

ವಾಗ್ಳೆ ಎಸ್ಟೇಟಿನಲ್ಲಿ ನಾನು ಔಷಧಿ ಬಾಟಲಿಗಳನ್ನು ಡಬ್ಬಿಗೆ ತುಂಬುವ ಕೆಲಸ ಮಾಡುತ್ತೇನೆ. ನನ್ನ ಪಕ್ಕದ ಟೇಬಲ್ಲಿನ ಭೀಮಮ್ಮ ಕಲಬುರಗಿ ಕಡೆಯವಳು. ಮಧ್ಯಾಹ್ನ ಊಟಕ್ಕೆ ಕೂತಾಗ ಅವಳೇ ತನ್ನ ಫೋನು ನನ್ನ ಮುಂದೆ ಹಿಡಿದಳು.

"ದಾವಲಕ್ಕ, ಈ ದನಿ ನಿಂದಲ್ಲೇನಬೇ? ಡಬ್ಬಿ ತುಂಬೂಮುಂದ ಗುಣುಗುಣು ಅಂತಿರತಿ, ನನಗ ಗೊತ್ತಿಲ್ಲೇನ."

"ನಂದ."

"ಇದು ಮೊಹರಮಿನ ಹಾಡಲ್ಲ? ನಮ್ಮೂರಾಗ ಒಂದ ಮುಸಲ್ಮಾನರ ಮನಿ ಇಲ್ಲ, ಆದ್ರ ಅಲಾಯಿ ದೇವ್ರು ವರ್ಷಾ ಕೂಡತಾವ. ನಾವೂ ಹಾಡತೀವಿ. ಇದನ್ನ ಹಚ್ಚಿಕೊಂಡು ಇವರೇನ ಕುಣಿಯಾಕತ್ತಾರ?" ಅವಳು ಮತ್ತೊಂದು ಸಲ ಕೇಳಿ ರೊಟ್ಟಿ ಮುರಿಯುವುದನ್ನು ನಿಲ್ಲಿಸಿದಳು. "ಮತ್ತ ಅರ್ಧಕ್ಕ ಬಿಟ್ಟಾರಲ್ಲ ಅಕ್ಕಾ. ನೀರ ಕೊಡೂದ ಇಲ್ಲ."

ಅವಳು ಹೇಳುವ ತನಕ ಆ ಮಾತನ್ನು ನಾನು ಬೇಕಂತಲೇ ಮನಸ್ಸಿಗೆ ತಂದುಕೊಂಡಿರಲಿಲ್ಲ.

ಆ ಹಾಡು ನಮ್ಮ ಓಣಿಯ ಹೆಂಗಸರದು. ಮೊಹರಮಿನ ಹತ್ತು ದಿನ, ಚೊಂಗೆಯ ಸಿಹಿ ರೊಟ್ಟಿ ಬೇಯಿಸುತ್ತ ಹಾಡುವುದು. ನೀರು ಸಿಗದಂತೆ ವೈರಿಗಳು ಮುತ್ತಿದ ಕರ್ಬಲಾದ ಮರಳಿನಲ್ಲಿ ಕೂಸು ನೀರು ಕೇಳುತ್ತದೆ. ಹದಿನೇಳು ನುಡಿ ಅದು ಕೇಳುತ್ತಲೇ ಇರುತ್ತದೆ. ಹದಿನೆಂಟನೆಯ ನುಡಿಯಲ್ಲಿ ನಮ್ಮ ಊರಿನ ಹೆಂಗಸರು ಕೊಡ ಹೊತ್ತುಕೊಂಡು ಅಲ್ಲಿಗೆ ಹೋಗುತ್ತಾರೆ. ಹೇಗೆ ಹೋದರು, ಎಷ್ಟು ದಿನದ ದಾರಿ, ಯಾರೂ ಕೇಳುವುದಿಲ್ಲ.

ಕೊಡ ಹೊತ್ತ ಬಂದೇವ ಊರಾನ ಅವ್ವದೇರ,
ಗುಟುಕ ನೀರ ಕುಡಿಯೋ, ಗುಣವಂತಾ...

ಅಲ್ಲಿಗೆ ಹಾಡು ಮುಗಿದು, ಕೇಳಿದವರಿಗೆಲ್ಲ ಬೆಲ್ಲದ ನೀರು ಕೊಡಬೇಕು. ಅವ್ವ ಒಂದೇ ಮಾತು ಕಲಿಸಿದ್ದಳು: ಎತ್ತಿಕೊಂಡರೆ ಮುಗಿಸಬೇಕು. ಕೂಸಿನ ಬಾಯಿಗೆ ನೀರು ಬೀಳದೆ ಹಾಡು ಬಿಡಬಾರದು. ಒಮ್ಮೆ ಅವ್ವ ಹಾಡುವಾಗ ಮನೆಯ ಹಿಂದೆ ಎಮ್ಮೆ ಕರು ಹಾಕಿತು. ಅವಳು ಹಾಡುತ್ತಲೇ ಎದ್ದುಹೋಗಿ, ಹಾಡುತ್ತಲೇ ಕರು ಎಳೆದು, ಮುಗಿಸಿಯೇ ಮಾತಾಡಿದಳು.

ಸಂಜೆ ಮನೆಗೆ ಬಂದಾಗ ಅಲ್ಫಿಯಾ ಕಿಟಕಿಯ ಪಕ್ಕ ಉಂಗುರದಂಥ ದೀಪ ಹಚ್ಚಿ ಅದರ ಮುಂದೆ ನಿಂತಿದ್ದಳು. ಅವಳು ನನ್ನ ಒಬ್ಬಳೇ ಮಗಳು, ಬಿ.ಕಾಂ. ಎರಡನೆಯ ವರ್ಷ. ಸಣ್ಣವಳಿದ್ದಾಗ ನನ್ನನ್ನು ಅವ್ವ ಅನ್ನುತ್ತಿದ್ದಳು. ಇಂಗ್ಲಿಷ್ ಶಾಲೆಗೆ ಹೋದ ಮೇಲೆ ಮಮ್ಮಿ ಅಂದಳು. ಕಾಲೇಜು ಸೇರಿದ ವರ್ಷ, ಯಾರೂ ಹೇಳದೆ, ಫೋನಿನಲ್ಲಿ ನೋಡಿ ಹಿಜಾಬು ಕಟ್ಟಲು ಕಲಿತಳು, ಅಂದಿನಿಂದ ಅಮ್ಮೀ. ಅವಳು ಮೊದಲ ಸಲ ಕಟ್ಟಿಕೊಂಡು ಹೊರಟ ದಿನ ನಾನು ಬಾಗಿಲಲ್ಲಿ ನಿಂತಿದ್ದೆ. ರೈಲಿನಲ್ಲಿ ಯಾರಾದರೂ ಏನಾದರೂ ಅಂದಾರೇನೋ ಅಂತ ಹೆದರಿಕೆ. ಬೇಡ ಅನ್ನೋಣವೆಂದರೆ ತಲೆ ಮುಚ್ಚಿಕೊಂಡ ಮಗಳಿಗೆ ಬೇಡ ಅನ್ನುವ ತಾಯಿ ಎಂಥವಳು? ಒಳ್ಳೆಯದು ಅನ್ನೋಣವೆಂದರೆ ನಾನೇ ಕಟ್ಟಿದವಳಲ್ಲ. "ಡಬ್ಬಿ ತಗೊಂಡ್ಯಾ?" ಅಂತಷ್ಟೇ ಕೇಳಿದ್ದೆ.

ಈಗ ಅವಳು ಟರ್ಕಿ ಕಡೆಯ ಕಟ್ಟು, ಮಲೇಶಿಯಾ ಕಟ್ಟು ಅಂತ ಫೋನಿನಲ್ಲಿ ರೀಲು ಹಾಕಿ ಬೇರೆಯವರಿಗೆ ಕಲಿಸುತ್ತಾಳೆ. ತಿಂಗಳಿಗೊಂದು ಹೊಸದು ಬರುತ್ತದೆ. ಹಳೆಯದು ಕಟ್ಟಿದರೆ ಹುಡುಗಿಯರು ನಗುತ್ತಾರಂತೆ. ದೇವರಿಗೆ ಯಾವುದು ಹಿಡಿಸುತ್ತದೆ ಅಂತ ಒಮ್ಮೆ ಕೇಳಿದ್ದೆ. ಅವಳು ಅದನ್ನೂ ತಮಾಷೆಯೆಂದು ನಕ್ಕಿದ್ದಳು.

"ನನ್ನ ಹಾಡು ಯಾಕ ಹಾಕಿದಿ?"

"ಅರೇ, ಸುನ್ ಲಿಯಾ ಕ್ಯಾ?" ಅವಳ ಮುಖ ಅರಳಿತು. "ತುಮ್ಹೇಂ ಬತಾನೇ ಹೀ ವಾಲೀ ಥೀ. ಆರು ಲಾಖ್ ಹೋ ಗಯಾ, ಅಮ್ಮೀ."

"ಯಾವಾಗ ಫೋನಿನ್ಯಾಗ ತುಂಬಿಸಿಕೊಂಡಿ?"

"ಚೊಂಗೆ ಬನಾ ರಹೀ ಥೀ ನಾ ತುಮ್. ಲೋರೀ ಅಚ್ಛೀ ಲಗೀ, ಹಾಕಿದೆ."

"ಅದು ಲೋರಿ ಅಲ್ಲ. ಕರ್ಬಲಾದ ಹಾಡು. ನೀರು ಸಿಗದ ಕೂಸಿನ ಹಾಡು."

ಅವಳು ಪಿನ್ನನ್ನು ಹಲ್ಲಿನ ನಡುವೆ ಕಚ್ಚಿಕೊಂಡು ನಿಂತುಬಿಟ್ಟಳು. ಕನ್ನಡ ಅವಳಿಗೆ ಅಡುಗೆಮನೆಯಷ್ಟು ಬರುತ್ತದೆ: ಉಪ್ಪು, ನೀರು, ಬಾ, ಹೋಗು, ಕೂಸು. ಹಾಡಿನಲ್ಲಿ ಕೂಸು ಇತ್ತು, ನೀರು ಇತ್ತು, ತಾಯಿ ಹಾಡುತ್ತಿದ್ದಳು. ಜೋಗುಳ ಅಂದುಕೊಂಡಿದ್ದಾಳೆ. ಹಾಗೆಂದೇ ಕೆಳಗೆ ಬರೆದಿದ್ದಾಳೆ, ‘ನನ್ನ ನಾನಿಯ ಲೋರಿ’. ಹಿಂದಿನ ವರ್ಷ ಇದೇ ಹುಡುಗಿ ಚೊಂಗೆ ಮುಟ್ಟಿರಲಿಲ್ಲ, ಇದೆಲ್ಲ ದೀನ್‌ನಲ್ಲಿ, ನಮ್ಮ ಧರ್ಮದಲ್ಲಿ ಇಲ್ಲ, ಹಳ್ಳಿಯವರ ರೂಢಿ ಅಂದಿದ್ದಳು.

"ಅಬ್ ಕ್ಯಾ ಕರೂಂ? ಸಬ್ ನೇ ಉಠಾ ಲಿಯಾ," ಅಂದು ಫೋನು ತೋರಿಸಿದಳು.

ಒಂದಾದ ಮೇಲೆ ಒಂದು ತಳ್ಳುತ್ತ ಹೋದಳು. ಮೊದಮೊದಲು ಹಿಜಾಬಿನ ಹುಡುಗಿಯರೇ ಇದ್ದರು. ಆಮೇಲೆ ಕೂಸುಗಳು ಬರತೊಡಗಿದವು. ಜೋಗುಳವೆಂದು ತಿಳಿದ ತಾಯಂದಿರು ತಮ್ಮ ಕೂಸುಗಳನ್ನು ಹಾಸಿಗೆಯ ಮೇಲೆ ಮಲಗಿಸಿ ಆ ಹಾಡು ಹಚ್ಚಿದ್ದರು. ನಾಲ್ಕು ತಿಂಗಳಿನದೊಂದು, ತಲೆಗೆ ಗುಲಾಬಿ ಬಟ್ಟೆ ಸುತ್ತಿಸಿಕೊಂಡು ಬೊಚ್ಚುಬಾಯಿಯಲ್ಲಿ ನಗುತ್ತಿತ್ತು. ಅದರ ಮೇಲೆ ನನ್ನ ದನಿ: ತೊಟ್ಟ ನೀರ ಕೇಳ್ಯಾನ, ತುಟಿ ಒಣಗ್ಯಾವ. ಮತ್ತೆ ತೊಟ್ಟ ನೀರ ಕೇಳ್ಯಾನ. ಮತ್ತೆ.

ನಾನು ಫೋನಿನ ಮೇಲೆ ಅಂಗೈ ಇಟ್ಟೆ.

"ಮುಚ್ಚಿದ್ರೆ ಬಂದ್ ನಹೀಂ ಹೋತಾ, ಅಮ್ಮೀ," ಅಂದಳು ಅಲ್ಫಿಯಾ ಮೆಲ್ಲಗೆ.

ಮರುದಿನ ಊರಿಗೆ ಫೋನು ಹಚ್ಚಿದೆ. ಅಲ್ಲಿ ಹಾಡು ಪೂರ್ತಿ ಬರುವವಳು ಈಗ ಇಮಾಮಬಿ ಚಿಗವ್ವ ಒಬ್ಬಳೇ. ನಡೆದದ್ದೆಲ್ಲ ಹೇಳಿದೆ.

"ಎಷ್ಟ ಮಂದಿ ಕೇಳ್ಯಾರ?"

"ಆರು ಲಕ್ಷ, ಚಿಗವ್ವ."

"ನಮ್ಮೂರಿನಂಥಾವು ಎಷ್ಟ ಊರಾಕ್ಕಾವ ಅವು?"

ಲೆಕ್ಕ ಹಾಕಿದೆ. "ಇನ್ನೂರು."

ಆ ಕಡೆ ಕೋಳಿ ಕೂಗುವುದು ಕೇಳಿಸುತ್ತಿತ್ತು. "ಅಲ್ಲವಾ, ಇನ್ನೂರು ಊರ ಮುಂದ ನಿಂತು ಕೂಸಿನ್ನ ಅಳಿಸಿ ಬಂದಂಗಾತಲ್ಲ ನೀನು," ಅಂದಳು. "ಎಲ್ಲಿ ಎತ್ತಿದ್ಯೋ ಅಲ್ಲೇ ಮುಗಸು. ಅವರ ಕಿವಿಗೇ ನೀರು ಬೀಳಬೇಕು. ಇಲ್ಲಾಂದ್ರ ಆ ಮಕ್ಕಳು..." ಮುಂದೆ ಹೇಳಲಿಲ್ಲ. ಹೇಳದೆ ಬಿಟ್ಟಿದ್ದೇ ನನಗೆ ಹೆಚ್ಚಾಯಿತು.

ನಂಬುತ್ತೇನೋ ಇಲ್ಲವೋ ನನಗೆ ಗೊತ್ತಿಲ್ಲ. ಬಾಟಲಿ ತುಂಬುವ ಬೆಲ್ಟಿನ ಮುಂದೆ ನಿಂತಾಗ ಇದೆಲ್ಲ ಹುಚ್ಚು ಅನಿಸುತ್ತದೆ. ಸಂಜೆ ರೈಲಿನಲ್ಲಿ ಯಾರದೋ ಹೆಗಲ ಮೇಲಿನ ಕೂಸು ಕಂಡರೆ ಹಾಗನಿಸುವುದಿಲ್ಲ.

ಅಲ್ಫಿಯಾ ಒಳ್ಳೆಯ ಹುಡುಗಿ. ವಾದ ಮಾಡಲಿಲ್ಲ. ತನ್ನದನ್ನು ತೆಗೆದುಹಾಕಿದಳು. ಆದರೆ ಯಾರೋ ಮೊದಲೇ ಇಳಿಸಿಕೊಂಡು, ಕೆಳಗೊಂದು ಢೋಲಕ್ ಸೇರಿಸಿ ಮತ್ತೆ ಹಾಕಿದ್ದರು, ಅದು ಇನ್ನೂ ಜೋರಾಗಿ ಓಡುತ್ತಿತ್ತು. ಹಾಗಾದರೆ ನೀರು ಕೊಡುವ ನುಡಿಯನ್ನೂ ಹಾಕು ಅಂದೆ. ಅದನ್ನೂ ಮಾಡಿದಳು. ಅಡುಗೆಮನೆಯಲ್ಲಿ ತುಂಬಿಸಿಕೊಂಡಿದ್ದ ಹಾಡಿನಿಂದ ಆ ನುಡಿ ಕತ್ತರಿಸಿ, ಅದರ ಜೊತೆಗೆ ತಾನೇ ನೀಲಿ ಬಟ್ಟೆ ಕಟ್ಟಿಕೊಳ್ಳುವುದನ್ನು ಹಾಕಿದಳು. ನಾಲ್ಕು ದಿನ ಕಾದೆವು. ನೀರು ಕೇಳಿದ್ದನ್ನು ಆರು ಲಕ್ಷ ಮಂದಿ ಕೇಳಿದ್ದರು. ನೀರು ಕೊಟ್ಟಿದ್ದು ಮುನ್ನೂರ ಹನ್ನೆರಡು ಮಂದಿಗೆ ತಲುಪಿತು.

ಆ ಮುನ್ನೂರ ಹನ್ನೆರಡರಲ್ಲಿ ನುಝಹತ್ ಆಪಾ ಒಬ್ಬರು. ನಮ್ಮ ಚಾಳಿನ ತುದಿಯ ಮನೆಯವರು. ಭಾನುವಾರ ಹೆಂಗಸರನ್ನು ಕೂಡಿಸಿ ದೀನ್ ಕಲಿಸುತ್ತಾರೆ. ಕೆಟ್ಟವರಲ್ಲ. ನನಗೆ ಜ್ವರ ಬಂದಾಗ ಮೂರು ದಿನ ಗಂಜಿ ತಂದುಕೊಟ್ಟವರು, ಹೋದ ಈದಿಗೆ ಕಾಲಿನ ತನಕ ಮುಚ್ಚುವ ಒಂದು ಕಪ್ಪು ಅಬಾಯಾ ಕೊಟ್ಟವರು. ಅದನ್ನು ಒಮ್ಮೆ ಹಾಕಿಕೊಂಡು ಮುಂಬ್ರಾದ ಮದುವೆಗೆ ಹೋಗಿದ್ದೆ. ರೈಲಿನಲ್ಲಿ ಗುರುತಿಲ್ಲದ ಹೆಂಗಸೊಬ್ಬಳು ಸಲಾಮ್ ಹೇಳಿ ಬಾಜೀ, ಅಂದರೆ ಅಕ್ಕಾ, ಅಂತ ಕರೆದು ಜಾಗ ಮಾಡಿಕೊಟ್ಟಳು. ಇಪ್ಪತ್ತೊಂದು ವರ್ಷದಲ್ಲಿ ಅದು ಮೊದಲ ಸಲ. ಬಹಳ ಸುಖವೆನಿಸಿತು. ಅದೇ ದಿನ ಕಲ್ಯಾಣ ಸ್ಟೇಷನ್ನಿನಲ್ಲಿ ಭೀಮಮ್ಮ ಎದುರಿಗೇ ಬಂದವಳು ನನ್ನನ್ನು ಗುರುತಿಸದೆ ದಾಟಿಹೋದಳು. ಆಮೇಲೆ ಅದನ್ನು ಟ್ರಂಕಿನಲ್ಲಿಟ್ಟೆ.

ಆಪಾ ಬಂದು ಕೂತು, ಹಾಡಿನ ಅರ್ಥ ಕೇಳಿ ತಿಳಿದುಕೊಂಡು, ಚಹಾ ಕುಡಿದು, ನನ್ನ ಕೈ ಹಿಡಿದುಕೊಂಡು ಹೇಳಿದರು. "ದಾವಲಬೀ, ಬುರಾ ಮತ್ ಮಾನನಾ. ಪಾನೀ ಕಿಸೀ ನೇ ನಹೀಂ ದಿಯಾ ಥಾ. ಕೊಟ್ಟರು ಅಂತ ಹಾಡುವುದು ಸುಳ್ಳು ಹೇಳಿದಂತೆ. ಅವರು ಬಾಯಾರಿಯೇ ಹೋದರು, ಅದಕ್ಕೇ ನಾವು ಅಳುವುದು."

ಅದು ನನಗೆ ಗೊತ್ತಿಲ್ಲದ ಸಂಗತಿಯಲ್ಲ. ಆದರೆ ಎರಡೂ ನನ್ನೊಳಗೆ ಒಂದೇ ಕಡೆ ಇದ್ದವು, ಅವು ಒಂದಕ್ಕೊಂದು ಸರಿಹೋಗುವುದಿಲ್ಲ ಅಂತ ಯಾರೂ ಎದುರು ಕೂತು ಹೇಳಿರಲಿಲ್ಲ. "ನಮ್ಮ ಕಡೆ ಕೊಡತಾರ, ಆಪಾ," ಅಂದೆ.

ಗಂಡ ಲಾಲಸಾಬ ಘೋಡಬಂದರ್ ರಸ್ತೆಯ ಗಾದಿ ಅಂಗಡಿಯ ಗೋದಾಮಿನಲ್ಲಿ ಕೆಲಸಕ್ಕಿದ್ದಾನೆ. ಹತ್ತಿ ಹಿಂಜುವ ಮನೆತನದವನು ಈಗ ಫೋಮಿನ ಗಾದಿ ಹೊರುತ್ತಾನೆ. ಊಟಕ್ಕೆ ಕೂತಾಗ ಆಪಾನ ಮಾತು ಹೇಳಿದೆ.

"ಆಕಿ ಓದಿದಾಕಿ. ಇದ್ದೀತು," ಅಂದ. ಪಲ್ಯ ಹಚ್ಚಿಕೊಂಡ. "ಆದ್ರ ನಾ ಸಣ್ಣಾಂವಿದ್ದಾಗ ಆ ಹಾಡು ಮುಗಿಯೂದನ್ನ ಕಾಯ್ಕೊಂತ ಕುಂದರತಿದ್ದೆ. ಬೆಲ್ಲದ ನೀರು ಸುಳ್ಳಲ್ಲ."

"ನಾ ಏನ ಕೇಳಾಕತ್ತೀನಿ, ನೀ ಏನ ಹೇಳಾಕತ್ತಿ?"

"ಏನ ಹೇಳಲಿ ಮತ್ತ? ತಾಯಿ ಮಗಳು ಕೂಡಿ ಇನ್ನೂರು ಊರ ಎಬ್ಬಿಸೀರಿ, ಈಗ ನನ್ನ ಕೇಳತೀರಿ."

ಆ ವಾರದಲ್ಲೇ ವಾಶಿಯಿಂದ ಫೋನು ಬಂತು. ಹಿಜಾಬು, ಅಬಾಯಾ ಆನ್‌ಲೈನಿನಲ್ಲಿ ಮಾರುವ ಕಂಪನಿ. ಅಲ್ಫಿಯಾ ದಿನಾ ನೋಡುವ, ಹತ್ತು ಲಕ್ಷ ಮಂದಿ ಹಿಂಬಾಲಿಸುವ ಕಂಪನಿ. ಹೊಸ ಬಟ್ಟೆಗಳಿಗೆ ಅಲ್ಫಿಯಾ ಬೇಕು, ಜೊತೆಗೆ ಆ ‘ಲೋರಿ’ಯೂ ಬೇಕು, ಕುಕ್ಕರಿನ ಸೀಟಿಯಿಲ್ಲದೆ ಶುದ್ಧವಾಗಿ ಮತ್ತೊಮ್ಮೆ ಹಾಡಿಸಬೇಕು. ಹಾಡು ಬರದಿದ್ದರೆ ಅಲ್ಫಿಯಾ ಒಬ್ಬಳನ್ನೇ ಕರೆಯುವುದು ಕಷ್ಟ ಅಂತಲೂ ಹೇಳಿದರಂತೆ. ಅವಳು ಇದನ್ನು ಹೇಳುವಾಗ ಗೋಡೆಯ ಕಡೆ ನೋಡುತ್ತಿದ್ದಳು. ಎರಡು ವರ್ಷದಿಂದ ಅವಳು ಕಾದದ್ದು ಇಂಥದಕ್ಕೇ ಅಂತ ನನಗೆ ಗೊತ್ತು.

ಮೊಹರಮ್ ಮುಗಿದು ಎರಡು ತಿಂಗಳಾಗಿತ್ತು. ಆ ಹಾಡು ಈಗ ಹಾಡುವಂತಿಲ್ಲ. ಆದರೆ ಹತ್ತು ಲಕ್ಷ ಮಂದಿಯ ಕಿವಿಗೆ ನೀರು ಬೀಳುತ್ತದೆ ಅನ್ನುವುದು ತಲೆಯಲ್ಲಿ ನಿಂತಿತು.

"ನೀರು ಕೊಡೂ ನುಡಿ ತಗೊಂಡರ ಬರತೀನಿ. ಕೇಳೂದು ಹಾಡಂಗಿಲ್ಲ," ಅಂದೆ.

"ಪಕ್ಕಾ, ಅಮ್ಮೀ. ಮೈ ಬೋಲ್ ದೂಂಗಿ." ಅವಳು ನನ್ನ ಕೊರಳಿಗೆ ಜೋತುಬಿದ್ದಳು. ಆಮೇಲೆ ಇನ್ನೊಂದು ಕೇಳಿದಳು. "ಅಬಾಯಾ ಪಹನೋಗೀ? ಫೋಟೋ ಲಿಯಾ ತೋ?"

ಹಾಕಿಕೊಂಡೆ. ಸೀರೆಯ ಮೇಲೆ. ಶನಿವಾರ ಮಧ್ಯಾಹ್ನ ಠಾಣೆಯಲ್ಲಿ ಇಳಿದು ವಾಶಿಯ ಗಾಡಿ ಹತ್ತಿದೆವು. ಅವಳೇ ನನ್ನ ತಲೆಗೆ ಬಟ್ಟೆ ಕಟ್ಟಿ, ಗಲ್ಲದ ಕೆಳಗೆ ಪಿನ್ನು ಹಾಕಿ, ನೋಡಿ, ಮತ್ತೆ ಬಿಚ್ಚಿ ಕಟ್ಟಿದ್ದಳು. ಗಾಡಿಯಲ್ಲಿ ಇಬ್ಬರೂ ಅಕ್ಕಪಕ್ಕ ಕೂತಾಗ ಕಿಟಕಿಯ ಗಾಜಿನಲ್ಲಿ ನಾವು ತಾಯಿ ಮಗಳಂತೆ ಕಂಡೆವು. ಸೀರೆಯಲ್ಲಿದ್ದಾಗ ಅವಳ ಜೊತೆ ಹೋದರೆ ಜನ ನನ್ನನ್ನು ಅವಳ ಮನೆಗೆಲಸದವಳು ಅಂದುಕೊಂಡದ್ದಿದೆ.

ಕಂಪನಿ ನಾಲ್ಕನೆಯ ಮಹಡಿಯಲ್ಲಿತ್ತು. ಒಂದು ಗೋಡೆ ತುಂಬ ಬಣ್ಣಬಣ್ಣದ ಬಟ್ಟೆ. ನಮ್ಮನ್ನು ಎದುರುಗೊಂಡ ಹುಡುಗಿಯ ತಲೆ ಬರಿದಾಗಿತ್ತು, ಹಣೆಯಲ್ಲಿ ಸಣ್ಣ ಬೊಟ್ಟು. ಹೆಸರು ಅಪೇಕ್ಷಾ. ಈ ಕಂಪನಿಯ ರೀಲುಗಳನ್ನೆಲ್ಲ ಅವಳೇ ನೋಡಿಕೊಳ್ಳುವುದು.

"ನಿಮ್ಮದು ಕನ್ನಡ ಅಲ್ವಾ ಆಂಟಿ? ನಾವು ಉಡುಪಿಯವರು. ಅಪ್ಪಂದು ಠಾಣೆಯಲ್ಲಿ ಹೋಟೆಲ್," ಅಂದಳು. ನನ್ನನ್ನು ಮೇಲಿಂದ ಕೆಳಗೆ ನೋಡಿ ಸ್ವಲ್ಪ ಸಪ್ಪಗಾದಳು. "ನೀವು ಇಳಕಲ್ ಸೀರೆಯಲ್ಲಿ ಬರ್ತೀರಿ ಅಂತ ಮಾಡಿದ್ದೆ. ಅದು ಒರಿಜಿನಲ್ ಆಗಿ ಕಾಣ್ತಿತ್ತು. ಈಗ ಎಲ್ರೂ ಅಜ್ಜಿ ಸೀರೆ, ಅಜ್ಜಿ ಸೆರಗು ಅಂತಲೇ ಹುಡುಕುವುದು."

ಅಲ್ಫಿಯಾ ನನ್ನ ಮುಖ ನೋಡಿದಳು, ನಾನು ಅವಳ ಮುಖ ನೋಡಿದೆ. "ಅಂದರ್ ಸಾಡೀ ಹೈ," ಅಂದಳು ಅವಳು, ತಪ್ಪು ಒಪ್ಪಿಕೊಳ್ಳುವವಳ ಹಾಗೆ. ಬಚ್ಚಲಮನೆಗೆ ಹೋಗಿ ಅಬಾಯಾ ಬಿಚ್ಚಿ, ಮಡಿಸಿ ಚೀಲದಲ್ಲಿಟ್ಟು, ಸೆರಗು ಹೊದ್ದು ಬಂದೆ. ಕಟ್ಟಿದ್ದ ಬಟ್ಟೆ ತೆಗೆದ ಮೇಲೂ ಗಲ್ಲದ ಕೆಳಗೆ ಪಿನ್ನಿನ ಒತ್ತು ಹಾಗೇ ಇದ್ದಂತೆ ಅನಿಸುತ್ತಿತ್ತು.

ಹಾಡು ತುಂಬಿಸಿಕೊಳ್ಳುವ ಕೋಣೆ ಚಿಕ್ಕದು, ಗೋಡೆಗೆಲ್ಲ ಫೋಮು. ಸಂದೇಶ ಅನ್ನುವ ಹುಡುಗ ಕಿವಿಗೆ ಯಂತ್ರ ಹಾಕಿಕೊಂಡು ಕೂತಿದ್ದ. ಮೈಕಿನ ಮುಂದೆ ನನ್ನನ್ನು ನಿಲ್ಲಿಸಿದ ಮೇಲೆ ಅಪೇಕ್ಷಾ ಒಂದು ಕಾಗದ ತೆಗೆದಳು.

"ಕೆಳಗೆ ಅರ್ಥ ಬರೀಬೇಕು ಆಂಟಿ. ಇದರಲ್ಲಿ ಅರ್ಧ ನನಗೆ ಗೊತ್ತಾಗುವುದಿಲ್ಲ. ಎಂತ ಅಂತ ಹೇಳಿ."

ಅಲ್ಫಿಯಾ ಅವಳ ಹಿಂದೆ ನಿಂತಿದ್ದಳು. ಬೇಡ ಅಂತ ತಲೆ ಅಲ್ಲಾಡಿಸಲಿಲ್ಲ. ಆದರೆ ಕಣ್ಣು ಮುಚ್ಚಿಕೊಂಡಳು. ಅವಳು ಇವರಿಗೆ ಏನೂ ಹೇಳಿಲ್ಲ ಅಂತ ಆಗ ತಿಳಿಯಿತು. ಜೋಗುಳ ಅಂತಲೇ ಬಿಟ್ಟಿದ್ದಳು.

ಜೋಗುಳ ಅಂದುಬಿಡಬಹುದಿತ್ತು. ಬಾಯಿ ತೆರೆದಾಗ ಬೇರೆಯದೇ ಬಂತು. ಮರಳು, ಕೂಸು, ನೀರು, ನಮ್ಮೂರಿನ ಹೆಂಗಸರ ಕೊಡ, ಅರ್ಧಕ್ಕೆ ಬಿಡಬಾರದ ಕಟ್ಟಳೆ, ಗುಲಾಬಿ ಬಟ್ಟೆಯ ಕೂಸು, ಎಲ್ಲ ಹೇಳಿದೆ. ಅಪೇಕ್ಷಾ ಬರೆಯುವುದನ್ನು ನಿಲ್ಲಿಸಿದಳು. "ಒಂದು ನಿಮಿಷ ಆಂಟಿ," ಅಂತ ಹೊರಗೆ ಹೋಗಿ ಸಾಹೇಬರಿಗೆ ಫೋನು ಮಾಡಿದಳು. ಗಾಜಿನ ಆಚೆ ಅವಳ ಕೈ ಆಡುವುದು ಕಾಣುತ್ತಿತ್ತು. ಅಲ್ಫಿಯಾ ಗೋಡೆಯ ಫೋಮನ್ನು ಉಗುರಿನಿಂದ ಒತ್ತಿ ಒತ್ತಿ ಬಿಡುತ್ತಿದ್ದಳು.

"ಸರ್ ಹೇಳ್ತಾರೆ, ಶಬ್ದ ಬೇಡವಂತೆ," ಅಂದಳು ಅಪೇಕ್ಷಾ ವಾಪಸು ಬಂದು. "ಮೊಹರಮ್ ಅಂದ್ರೆ ಒಬ್ಬೊಬ್ಬರು ಒಂದೊಂದು ಹೇಳ್ತಾರಂತೆ. ಕನ್ನಡ ಅಂದ್ರೆ ಕೆಲವರು ದೇವಸ್ಥಾನದ ಹಾಡಾ ಅಂತ ಕೇಳ್ತಾರಂತೆ. ರಾಗ ಮಾತ್ರ ಸಾಕು. ಹೂಂ ಹೂಂ ಅಂತ ಬಾಯಿ ಮುಚ್ಚಿ ಹಾಡಿ. ರಾಗಕ್ಕೆ ಯಾರದ್ದೂ ತಕರಾರಿಲ್ಲ."

ಅಲ್ಫಿಯಾಳ ಮುಖಕ್ಕೆ ಬಣ್ಣ ಮರಳಿತು. "ಅಮ್ಮೀ, ಶಬ್ದ ಹೀ ನಹೀಂ ತೋ ಕೂಸು ಕೇಳೋದೂ ಇಲ್ಲ ನಾ. ಟೆನ್ಶನ್ ಹೀ ಖತಮ್."

ಕೇಳುವುದಕ್ಕೆ ಸರಿಯೆನಿಸಿತು. ಆದರೆ ಹಾಗಾದರೆ ಕೊಡುವುದೂ ಇಲ್ಲವಲ್ಲ.

"ಕೊಡೂ ನುಡಿನ ತಗೋರಿ ಮತ್ತ. ಬಾಯಿ ಮುಚ್ಚಿ ಅಂದ್ರೂ ನಾ ಮನಸಿನ್ಯಾಗ ಹಾಡತೀನಿ," ಅಂದೆ.

"ರಾಗ ಬೇರೆ ಬೇರೆ ಉಂಟಾ?"

"ಇಲ್ಲ. ಒಂದ."

ಅಪೇಕ್ಷಾ ನಗಲಿಲ್ಲ, ಪಾಪ. ಮರಾಠಿಯ ಸಂದೇಶನಿಗೆ ಏನು ಹೇಳುವುದೆಂದು ಯೋಚಿಸುತ್ತ ನಿಂತಳು. ಅವನೇ, ಆಂಟಿ ಪೂರಾ ಹಾಡಲಿ, ಚೆನ್ನಾಗಿ ಬಂದದ್ದನ್ನು ಇಟ್ಟುಕೊಳ್ಳೋಣ ಅಂದ.

ಹಾಡಿದೆ. ಕಣ್ಣು ಮುಚ್ಚಿ, ತುಟಿ ಮುಚ್ಚಿ. ಮೊದಲು ಕೊಡುವ ನುಡಿಯನ್ನೇ ಹಿಡಿಯಲು ಹೋದೆ. ಬರಲಿಲ್ಲ. ಹದಿನೇಳು ದಾಟದೆ ಅದು ಎಂದೂ ಬಂದದ್ದಲ್ಲ. ಕಡೆಗೆ ಮೊದಲಿನಿಂದ ಹಿಡಿದು, ಕೂಸು ಕೇಳಿದ್ದನ್ನೆಲ್ಲ ಕೇಳಿಸಿ, ಹದಿನೆಂಟನೆಯದಕ್ಕೆ ನೀರು ಕೊಟ್ಟು ನಿಲ್ಲಿಸಿದೆ. ಕಣ್ಣು ತೆರೆದಾಗ ಸಂದೇಶ ಹೆಬ್ಬೆರಳು ಎತ್ತಿ ತೋರಿಸುತ್ತಿದ್ದ. ಅಲ್ಫಿಯಾ ಆ ಕೋಣೆಯಲ್ಲಿರಲಿಲ್ಲ. ಪಕ್ಕದ ಕೋಣೆಯಲ್ಲಿ ಅವಳಿಗೆ ಬಟ್ಟೆ ಕಟ್ಟುತ್ತಿದ್ದರು.

"ಕಡೇದ್ದು ತಗೋ ಅಂತ ಹೇಳವ್ವ ಅವನಿಗೆ," ಅಂದೆ ಅಪೇಕ್ಷಾಳಿಗೆ. ಅವಳು ಹೇಳಿದಳು. ಅವನು ತಲೆಯಾಡಿಸಿದ. ಯಾವುದಕ್ಕೆ ತಲೆಯಾಡಿಸಿದನೋ.

ಎಂಟು ದಿನದ ಮೇಲೆ ಭಾನುವಾರ ಬೆಳಿಗ್ಗೆ ರೀಲು ಬಂತು. ಅಲ್ಫಿಯಾ ಚಪಾತಿ ಲಟ್ಟಿಸುತ್ತಿದ್ದ ನನ್ನ ಕೈ ಹಿಡಿದು ಎಳೆದು ಕೂರಿಸಿದಳು. ಪಾಚಿ ಬಣ್ಣದ ಬಟ್ಟೆಯಲ್ಲಿ ಅವಳು ನನ್ನ ಮಗಳೇ ಅಲ್ಲವೆನ್ನುವ ಹಾಗೆ ಕಂಡಳು. ಚೆಂದ ಕಂಡಳು. ಹಿಂದೆ ನನ್ನ ದನಿ, ಬಾಯಿ ಮುಚ್ಚಿದ ದನಿ, ಹದಿನಾಲ್ಕು ಸೆಕೆಂಡು. ಅದಾಗಲೇ ಎರಡು ಲಕ್ಷ ಮಂದಿಯನ್ನು ದಾಟಿತ್ತು. ಗಂಡನೂ ಬಗ್ಗಿ ನೋಡಿ, "ಚೊಲೊ ಬಂದೈತಿ," ಅಂದು ಸ್ನಾನಕ್ಕೆ ಹೋದ.

"ಖುಶ್?" ಅಂದಳು ಅಲ್ಫಿಯಾ.

"ತಡಿ."

ಮತ್ತೆ ಹಚ್ಚಿಸಿದೆ. ರಾಗದ ಕೆಳಗೆ ಕೊಡುವ ಮಾತು ಇಟ್ಟು ನೋಡಿದೆ: ಕೊಡ ಹೊತ್ತ ಬಂದೇವ. ಕೂತಿತು. ಕೇಳುವ ಮಾತು ಇಟ್ಟು ನೋಡಿದೆ: ತೊಟ್ಟ ನೀರ ಕೇಳ್ಯಾನ. ಅದೂ ಕೂತಿತು. ನನಗೆ ಒಂದು ಗುರುತು ಗೊತ್ತಿತ್ತು. ಕೇಳುವ ನುಡಿಯಲ್ಲಿ ‘ತುಟಿ’ಗಿಂತ ಮೊದಲು ನನ್ನ ಉಸಿರು ಕಟ್ಟುತ್ತದೆ, ಅಲ್ಲೊಂದು ಸಲ ಎಳೆದುಕೊಳ್ಳುತ್ತೇನೆ. ಅವ್ವನೂ ಹಾಗೇ ಮಾಡುತ್ತಿದ್ದಳು. ಕೊಡುವ ನುಡಿಯಲ್ಲಿ ಹಾಗಾಗುವುದಿಲ್ಲ. ಫೋನನ್ನು ಕಿವಿಗೆ ಒತ್ತಿ ಹಿಡಿದು ಆ ಉಸಿರನ್ನು ಹುಡುಕಿದೆ. ಎಲ್ಲೂ ಉಸಿರೇ ಇರಲಿಲ್ಲ. ಸುರುವಿನಿಂದ ಕೊನೆಯತನಕ ನುಣ್ಣಗೆ.

"ನನ್ನ ಉಸಿರು ಎಲ್ಲಿ?"

"ಸಾಫ್ ಕರತೇ ಹೈಂ, ಅಮ್ಮೀ. ಸಬ್ ಕಾ ಕರತೇ ಹೈಂ."

"ಯಾವ ನುಡಿ ತಗೊಂಡ ಅಂತ ಸಂದೇಶನ ಕೇಳು."

ಅವಳು ಬರೆದು ಕಳಿಸಿದಳು. ಕೂಡಲೇ ಉತ್ತರ ಬಂತು. ಎಲ್ಲಕ್ಕಿಂತ ಚೆನ್ನಾಗಿದ್ದುದನ್ನೇ ತೆಗೆದುಕೊಂಡಿದ್ದೇನೆ, ಆಂಟಿಗೆ ಹೇಳು, ಅಂತ. ಜೊತೆಗೆ ಮುಗಿದ ಕೈಗಳ ಚಿತ್ರ.

ತವೆಯ ಮೇಲಿನ ಚಪಾತಿ ಸೀಯುವ ವಾಸನೆ ಬಂದು ಅಲ್ಫಿಯಾ ಎದ್ದುಹೋಗಿ ಉರಿ ಆರಿಸಿ ಬಂದಳು. ನನ್ನ ಮುಂದೆ ಕುಕ್ಕರಗಾಲಿನಲ್ಲಿ ಕೂತು, ಫೋನು ತೆಗೆದುಕೊಂಡು, ತಾನೂ ಕಣ್ಣು ಮುಚ್ಚಿ ಎರಡು ಸಲ ಕೇಳಿದಳು.

"ದೇನೇ ವಾಲಾ ಹೈ," ಅಂದಳು. ಆಮೇಲೆ ಕನ್ನಡದಲ್ಲಿ, ತಡವರಿಸುತ್ತ, "ನೀರು ಕೊಡೋದು."

"ಹೆಂಗ ಗೊತ್ತಾತು?"

"ನನಗ ಕ್ಯಾ ಪತಾ," ಅಂದಳು. "ತುಮ್ ಪೂಛ್ ರಹೀ ಹೋ ನಾ, ಅದಕ್ಕ ಹೇಳಿದೆ."

ನಾನು ಫೋನು ಈಸಿಕೊಂಡು ಮತ್ತೆ ಕಿವಿಗೆ ಹಿಡಿದೆ.